ಚುಕ್ಕಾಣಿ ಕೋಣೆಯ ಲಾಳ

ಸ್ಕಾರ್‌ಹೇವನ್
ಮಂಗಳವಾರ, 3 ಮಾರ್ಚ್ 1942

ಮಗಳು ಕಿರ್ಸ್ಟಿಗೆ ಅವ್ವನ ಆಶೀರ್ವಾದ.

ನಿಮ್ಮಪ್ಪ ಚೆನ್ನಾಗಿದ್ದಾರೆ. ಬೆಕ್ಕು ಚೆನ್ನಾಗಿದೆ. ನನ್ನ ವಿಷಯ ಕೆಳಗೆ ಬರೆಯುತ್ತೇನೆ. ಈ ಕಾಗದವನ್ನು ನೌಕಾಪಡೆಯ ಲಾಂಡ್ರಿಯಲ್ಲಿ ಆ ಹುಡುಗಿಯರ ಮುಂದೆ ಓದಬೇಡ. ಈಗ ಓದುತ್ತಿದ್ದರೆ ಮಡಚಿ ಜೇಬಿಗೆ ಹಾಕಿಕೊ, ರೂಮಿಗೆ ಹೋಗಿ ಓದು.

ರೂಮಿಗೆ ಬಂದೆಯಾ? ಸರಿ.

ಕಡಲಲ್ಲಿ ಬಿತ್ತಿದ ಮೈನ್ ಬಾಂಬುಗಳನ್ನು ಗುಡಿಸಲೆಂದು ನಮ್ಮ ಯಾರ್ಡಿನಲ್ಲಿ ಕಟ್ಟಿದ ಹಡಗು ಇಷ್ಟೊತ್ತಿಗೆ ನಿನ್ನ ಲೋವೆಸ್ಟಾಫ್ಟಿಗೆ ಬಂದು ಸೇರಿರಬೇಕು. ನಂಬರು ಬರೆಯುವುದಿಲ್ಲ, ಬರೆಯಬಾರದಂತೆ. ಅದಕ್ಕೆ ಹೆಸರಂತೂ ಇಲ್ಲವೇ ಇಲ್ಲ. ಹೆಸರಿಲ್ಲದ ಹಡಗನ್ನು ನೀರಿಗಿಳಿಸಿದ್ದು ನನ್ನ ಜೀವಮಾನದಲ್ಲಿ ಇದೇ ಮೊದಲು. ನಿನ್ನ ಗಂಡ ವಾಟಿ ಅದರ ಚುಕ್ಕಾಣಿಗೆ ನಿಲ್ಲುವವನು. ಅದಕ್ಕೇ ಬರೆಯುತ್ತಿದ್ದೇನೆ.

ಹಡಗು ಒಯ್ಯಲು ಅವನ ತಂಡ ಜನವರಿಯಲ್ಲಿ ಇಲ್ಲಿಗೆ ಬಂದಿತ್ತಲ್ಲ, ಆಗ ಅವನನ್ನು ಒಂದು ದಿನ ಚಹಾಕ್ಕೆ ಕರೆದಿದ್ದೆ. ಕರೆದದ್ದು ನಿಮ್ಮಪ್ಪ, ನಾನು ಬೇಡ ಅನ್ನಲಿಲ್ಲ. ಪಾಪ, ಕಾಲೊರೆಸಿಕೊಂಡು ಬಂದ, ನೆಟ್ಟಗೆ ಕೂತ. ಹೊಗೆ ಹಾಕಿದ ಮೀನು ಕೊಟ್ಟೆ, ತಿಂದ. ಆಮೇಲೆ ನಿಮ್ಮಪ್ಪ ಅವನ ಅಪ್ಪನ ಹೊಲದ ಕಡೆ ಏನು ಸುದ್ದಿ ಅಂತ ಕೇಳಿದರು ನೋಡು. ನಮ್ಮ ಮೇಜಿನಲ್ಲಿ, ಒಲೆಯ ಪಕ್ಕ, ಮೀನುಗಾರರ ಮನೆಯಲ್ಲಿ ಕೂತು ಆ ಪ್ರಾಣಿಯ ಹೆಸರು ಹೇಳಿದ. ಉದ್ದ ಮೂತಿಯ, ಕೆಸರಿನಲ್ಲಿ ಹೊರಳುವ ಪ್ರಾಣಿ. ನಾನು ಬರೆಯುವುದಿಲ್ಲ, ಬರೆದರೂ ಹೇಳಿದ ಹಾಗೆಯೇ. ಅದು ಮರಿ ಹಾಕಿದೆಯಂತೆ. ನಿಮ್ಮಪ್ಪ ಹಾರಿ ಒಲೆಯ ಇಕ್ಕಳ ಹಿಡಿದುಕೊಂಡು "ತಣ್ಣನೆ ಕಬ್ಬಿಣ" ಅಂದರು, ನಾನೂ ಕೈಗೆ ಸಿಕ್ಕಿದ ಬಾಣಲೆ ಮುಟ್ಟಿದೆ. ಅವನು ನಮ್ಮಿಬ್ಬರ ಮುಖ ನೋಡಿದ.

"ಯಾಕತ್ತೆ, ಏನಾಯ್ತು? ಎಲ್ಲಾ ಮರೀನೂ ಗಟ್ಟಿಮುಟ್ಟಾಗಿವೆ."

ಹೀಗೆಂದು ಮತ್ತೆ ಅದರ ಹೆಸರು ಹೇಳಿದ. ಚಹಾ ಮುಗಿಯುವವರೆಗೂ ನನ್ನ ಕೈ ಬಾಣಲೆ ಬಿಡಲೇ ಇಲ್ಲ.

ಅವನ ತಪ್ಪಿಲ್ಲ ಬಿಡು. ಆ ಹೆಸರು ಎತ್ತಿದರೆ ಕಡಲಿಗೆ ಹೋದವರಿಗೆ ಕೇಡು, ತಕ್ಷಣ ಕಬ್ಬಿಣ ಮುಟ್ಟಿದರೇ ಕಳೆಯುವುದು ಅಂತ ಅವನಿಗೇನು ಗೊತ್ತು? ಅವುಗಳ ನಡುವೆಯೇ ಬೆಳೆದವನು. ಉಳುವವರನ್ನು ಯುದ್ಧಕ್ಕೆ ಕರೆಯುವುದೂ ಇಲ್ಲ, ಅವನಾಗಿಯೇ ಹೋಗಿ ಕಡಲಿಗೆ ಸೇರಿದ. ಯಾಕೆ ಸೇರಿದನೆಂದು ನಾವೀಗ ಮಾತಾಡುವುದು ಬೇಡ. ನನಗೆ ಹತ್ತಿದ ಚಿಂತೆ ಇಷ್ಟೇ: ಕಡಲ ಮೇಲೆ ಅವನ ಬಾಯಿಂದ ಆ ಮಾತು ಬಂದೇ ಬರುತ್ತದೆ. ಬಂದಾಗ ಮುಟ್ಟಿಕೊಳ್ಳಲು ಆ ಹಡಗಿನಲ್ಲಿ ಏನಿದೆ? ಪಕ್ಕೆಲುಬು ಓಕ್ ಮರದ್ದು, ಮೈ ಹಲಗೆ ಲಾರ್ಚ್ ಮರದ್ದು, ಮೊಳೆ ತಾಮ್ರದ್ದು, ಸ್ಕ್ರೂ ಕಂಚಿನದು. ಕಬ್ಬಿಣ ಅಂತ ಇರುವುದು ಕೆಳಗಿನ ಎಂಜಿನ್ ಒಂದೇ. ಚುಕ್ಕಾಣಿ ಬಿಟ್ಟು ಏಣಿ ಇಳಿದು ಎಂಜಿನ್ ಮುಟ್ಟಿ ಬರುತ್ತಾನಾ?

ನಾನು ಆಗ ಚುಕ್ಕಾಣಿ ಕೋಣೆಗೆ ಒಳಗಿನ ಬಣ್ಣ ಹೊಡೆಯುತ್ತಿದ್ದೆ. ದಿಕ್ಸೂಚಿ ಕೂರಿಸಿದ ಪೀಠದ ಕೆಳಗೆ ಎಡಗಡೆಯ ಹಲಗೆ ಇನ್ನೂ ಬಿಗಿದಿರಲಿಲ್ಲ. ಎಲ್ಲರೂ ಊಟಕ್ಕೆ ಹೋದಾಗ ಒಂದು ಕುದುರೆ ಲಾಳವನ್ನು ಅದರ ಹಿಂದೆ ಇಟ್ಟು, ಅಲುಗದಂತೆ ಹಗ್ಗದ ನಾರು ತುರುಕಿ, ಮೇಲೆ ದಪ್ಪಗೆ ಬಣ್ಣ ಬಳಿದೆ. ಮಧ್ಯಾಹ್ನ ನಿಮ್ಮಪ್ಪ ಬಂದು ಹಲಗೆ ಬಿಗಿದರು. ಅವರಿಗೆ ಏನೂ ಗೊತ್ತಿಲ್ಲ. ಗೊತ್ತಾದರೆ ಅವರ ಕೆಲಸವೂ ಹೋಗುತ್ತದೆ, ನನ್ನ ತಲೆಯೂ ಹೋಗುತ್ತದೆ.

ಲಾಳ ಅಲ್ಲಿದೆ ಅಂತ ವಾಟಿಗೆ ಕಿವಿಯಲ್ಲಿ ಹೇಳಬೇಕೆಂದಿದ್ದೆ. ಹೇಳದೆಯೇ ಕಳಿಸಿಬಿಟ್ಟೆ.

ಈಗ ಕೇಳು. ಪಕ್ಕದ ಮನೆ ಬೆಲ್ಲಾಳ ಗಂಡ ರಜೆಗೆ ಬಂದಿದ್ದಾನೆ. ಅವನೂ ಗುಡಿಸುವ ಹಡಗಿನವನೇ. ಕಬ್ಬಿಣ ಯಾಕೆ ಬೇಡ ಅನ್ನುತ್ತಾರೆಂದು ನಿನ್ನೆ ಅವನು ಬಿಡಿಸಿ ಹೇಳಿದ. ನೀರಿನ ತಳದಲ್ಲಿ ಮಲಗಿರುವ ಮೈನು ಕಬ್ಬಿಣ ಮೇಲೆ ಹಾದರೆ ಎದ್ದು ಸಿಡಿಯುತ್ತದಂತೆ. ಅಷ್ಟು ನನಗೂ ಗೊತ್ತಿತ್ತು, ಪೇಪರಿನಲ್ಲೂ ಬಂದಿತ್ತು. ಎಂಜಿನ್ನೇ ಅಷ್ಟು ದೊಡ್ಡ ಕಬ್ಬಿಣ, ಒಂದು ಲಾಳ ಯಾವ ಲೆಕ್ಕ ಅಂದುಕೊಂಡಿದ್ದೆ. ಆದರೆ ಎಂಜಿನ್ನಿನ ಕಬ್ಬಿಣವನ್ನು ಮರೆಸಲೆಂದೇ ಹಡಗಿನ ಸುತ್ತ ತಂತಿ ಸುತ್ತಿ ಕರೆಂಟು ಹರಿಸುತ್ತಾರಂತೆ. ಅಷ್ಟು ನಾಜೂಕಾಗಿ ಅಳೆದು ಹರಿಸುತ್ತಾರಂತೆ. ಹಿಂದುಗಡೆ ದೊಡ್ಡ ರಾಟೆಯಿಂದ ಉದ್ದನೆ ಕೇಬಲ್ಲು ಬಿಟ್ಟು, ನೀರಿಗೆ ಕರೆಂಟು ಕೊಟ್ಟು, ಮೈನಿಗೆ ಕಬ್ಬಿಣದ ಹಡಗು ಬಂತು ಅಂತ ಮೋಸ ಮಾಡಿ ದೂರದಲ್ಲೇ ಸಿಡಿಸುತ್ತಾರಂತೆ. ಮೋಸ ಮಾಡಲು ಹೊರಟ ಹಡಗಿನ ಹೊಟ್ಟೆಯಲ್ಲೇ ನಾನು ನಿಜವಾದ ಕಬ್ಬಿಣ ಇಟ್ಟು ಕಳಿಸಿದ್ದೇನೆ, ಕಿರ್ಸ್ಟಿ.

ನೀನು ಹೇಗಾದರೂ ವಾಟಿಗೆ ತಿಳಿಸು. ಹಲಗೆಯ ಮೂಲೆಗಳಲ್ಲಿ ಸ್ಕ್ರೂಗಳಿವೆ, ಬಿಚ್ಚಿ ಲಾಳ ತೆಗೆಯಲಿ. ಮೊದಲು ತೆಗೆಯಲಿ, ಆಮೇಲೆ ನನ್ನನ್ನು ಬೈಯಲಿ.

ನಿನ್ನ ಅವ್ವ,
ಇಸೊಬೆಲ್

ತಾ.ಕ.: ಲಾಳ ಎಲ್ಲಿಂದ ಬಂತು ಅಂತ ಅವನು ಕೇಳಿದರೆ ಗೊತ್ತಿಲ್ಲ ಅನ್ನು. ನಿನಗೂ ಗೊತ್ತಿಲ್ಲವಲ್ಲ, ಸುಳ್ಳಾಗುವುದಿಲ್ಲ.


ಸ್ಕಾರ್‌ಹೇವನ್
ಶುಕ್ರವಾರ, 6 ಮಾರ್ಚ್

ಕಿರ್ಸ್ಟಿ,

ತೆಗೆಯಬೇಡಿ. ತೆಗೆದಿದ್ದರೆ ಇದ್ದ ಜಾಗದಲ್ಲೇ, ಇದ್ದ ಹಾಗೆಯೇ ವಾಪಸ್ಸು ಇಡಿ. ಇದನ್ನು ಮೊದಲು ಮಾಡಿ, ಆಮೇಲೆ ಮುಂದೆ ಓದು.

ನಿನ್ನೆ ನಿಮ್ಮಪ್ಪ ಊಟಕ್ಕೆ ಕೂತಾಗ ತಮಾಷೆಗೆಂದು ಒಂದು ವಿಷಯ ಹೇಳಿದರು. ಹಡಗು ಹೊರಡುವ ಮುಂಚೆ ಅದನ್ನು ಕೊಲ್ಲಿಯ ಮಧ್ಯೆ ನಿಲ್ಲಿಸಿ, ಮೂತಿಯನ್ನು ಒಂದೊಂದು ದಿಕ್ಕಿಗೂ ತಿರುಗಿಸಿ ದಿಕ್ಸೂಚಿಯನ್ನು ಸರಿಪಡಿಸುತ್ತಾರಲ್ಲ, ಅದಕ್ಕೆ ಅಬರ್ಡೀನಿನಿಂದ ಒಬ್ಬ ಮುದುಕ ಬಂದಿದ್ದನಂತೆ. ಈ ಹಡಗಿನ ಮುಳ್ಳು ಅವನ ಮಾತು ಕೇಳಲೇ ಇಲ್ಲವಂತೆ. ಮರದ ಹಡಗಿನಲ್ಲಿ ಹೀಗೆ ಸೊಟ್ಟ ತೋರಿಸುವ ಮುಳ್ಳನ್ನು ಅವನು ಕಂಡೇ ಇರಲಿಲ್ಲವಂತೆ. ಒಂದು ಹೊತ್ತಿನ ಕೆಲಸ ಇಡೀ ದಿನ ಎಳೆಯಿತಂತೆ.

"ಚುಕ್ಕಾಣಿ ಕೋಣೆಯಲ್ಲಿ ದೆವ್ವ ಕೂತಿದೆ ಸ್ಯಾಂಡಿ, ಆದ್ರೆ ಅದನ್ನೂ ಲೆಕ್ಕಕ್ಕೆ ತಗೊಂಡು ಪೀಠದೊಳಗೆ ಅಯಸ್ಕಾಂತ ಜೋಡಿಸಿದೀನಿ. ಈಗ ದೆವ್ವ ಇದ್ರೇನೇ ಮುಳ್ಳು ನೆಟ್ಟಗೆ ನಿಲ್ಲೋದು," ಅಂತ ನಿಮ್ಮಪ್ಪನಿಗೆ ಹೇಳಿದನಂತೆ.

ನಿಮ್ಮಪ್ಪ ಹೊಟ್ಟೆ ಹಿಡಿದು ನಕ್ಕರು. ನನ್ನ ಕೈಯಲ್ಲಿದ್ದ ಸೌಟು ನೆಲಕ್ಕೆ ಬಿತ್ತು. ಏನಾಯ್ತೇ ಅಂದರು. ಕೈ ಜಾರಿತು ಅಂದೆ.

ನಾನು ಹನ್ನೊಂದು ವರ್ಷಕ್ಕೇ ಸ್ಕೂಲು ಬಿಟ್ಟು ಮೀನು ಸೀಳಲು ಹೋದವಳು, ಆದರೂ ಇಷ್ಟು ನನಗೆ ಅರ್ಥವಾಯಿತು. ಆ ಮುದುಕ ನನ್ನ ಲಾಳವನ್ನು ಒಳಗಿಟ್ಟುಕೊಂಡೇ ದಿಕ್ಸೂಚಿಯನ್ನು ಸರಿಮಾಡಿದ್ದಾನೆ. ಈಗ ಲಾಳ ತೆಗೆದರೆ ಮುಳ್ಳು ಸುಳ್ಳು ಹೇಳುತ್ತದೆ. ಬೆಲ್ಲಾಳ ಗಂಡನ ಹತ್ತಿರ ಸುತ್ತಿ ಬಳಸಿ ಕೇಳಿದೆ. ಗುಡಿಸಿದ ದಾರಿಯೆಂದರೆ ಗುರುತಿಗೆ ನೀರಿನಲ್ಲಿ ತೇಲಿಬಿಟ್ಟ ತೇಲುಗಂಟೆಗಳ ನಡುವಿನ ಓಣಿಯಂತೆ, ಅದರಿಂದ ಆಚೆ ಹೋದರೆ ಯಾರೂ ಗುಡಿಸದ ನೀರಂತೆ. ಮಂಜು ಮುಸುಕಿದರೆ ಮುಳ್ಳೊಂದೇ ಗತಿಯಂತೆ. "ಯಾಕಕ್ಕಾ, ನೀನೂ ಸೇರ್ತೀಯಾ?" ಅಂತ ಬೇರೆ ಗೇಲಿ ಮಾಡಿದ.

ಬೆಳಿಗ್ಗೆ ಬಾಗಿಲು ತೆರೆಯುವ ಮುಂಚೆಯೇ ತಂತಿ ಕೊಡಲೆಂದು ಪೋಸ್ಟಾಫೀಸಿನ ಮುಂದೆ ನಿಂತಿದ್ದೆ. "ಅದನ್ನು ತೆಗೆಯಬೇಡ" ಅಂತ ಬರೆದುಕೊಟ್ಟೆ. ಪೋಸ್ಟಿನ ಮಿಸ್ ಗೆಡ್ಡೆಸ್ ಕನ್ನಡಕದ ಮೇಲಿಂದ ನೋಡಿದಳು.

"ಯಾವುದನ್ನ, ಇಸೊಬೆಲ್? ಯುದ್ಧದ ಕಾಲ. ಒಗಟಿನ ತಂತಿ ನಾನು ಕಳಿಸೋ ಹಾಗಿಲ್ಲ."

ಏನು ಹೇಳಲಿ? ಹಲ್ಲು ಅಂದೆ. ಮಗಳಿಗೆ ಹಲ್ಲು ನೋವು, ಅಲ್ಲಿಯ ಡಾಕ್ಟರು ಕೀಳುತ್ತಾನಂತೆ ಅಂದೆ. "ಹಲ್ಲು ತೆಗೆಸಬೇಡ, ಅವ್ವ" ಅಂತ ಅವಳೇ ತಿದ್ದಿ ಕಳಿಸಿದಳು. ಲವಂಗ ಇಡಲು ಹೇಳು ಅಂತ ಉಪದೇಶ ಬೇರೆ ಕೊಟ್ಟಳು. ಆ ತಂತಿ ಈ ಕಾಗದಕ್ಕಿಂತ ಮೊದಲೇ ನಿನ್ನ ಕೈ ಸೇರುತ್ತದೆ. ನಿನಗೆ ಹೊಳೆಯಬೇಕು ಮಗಳೇ. ನಿನ್ನ ಹಲ್ಲೆಲ್ಲ ಗಟ್ಟಿಯಾಗಿವೆ, ಅವ್ವ ಯಾಕೆ ಹೀಗೆ ಬರೆದಳು ಅಂತ ಒಂದು ಗಳಿಗೆ ಕೂತು ಯೋಚಿಸು.

ಲಾಳ ಇದ್ದರೆ ಮೈನು ಕರೆಯುತ್ತದೋ ಏನೋ. ಇಲ್ಲದಿದ್ದರೆ ದಾರಿ ತಪ್ಪುವುದು ಖಂಡಿತ. ಇಟ್ಟರೂ ಭಯ, ತೆಗೆದರೂ ಭಯ. ಎರಡೂ ಭಯ ನನ್ನ ಕೈಯಿಂದಲೇ ಆದದ್ದು. ಕಿಟಕಿಯಿಂದ ನೋಡುತ್ತಿದ್ದೇನೆ, ಕೊಲ್ಲಿಯ ಮೇಲೆ ಮಂಜು ಕೂತಿದೆ. ನಿಮ್ಮ ಕಡೆ ಇಲ್ಲ ತಾನೆ?

ಅವ್ವ

ತಾ.ಕ.: ಒಳಗೆ ಹೇಗಿತ್ತೆಂದರೆ, ಲಾಳದ ಎರಡು ತುದಿ ಮೇಲಕ್ಕೆ, ಹೊಟ್ಟೆ ಕೆಳಕ್ಕೆ. ಅಲ್ಲಿ ಬಣ್ಣದಲ್ಲಿ ಅದರ ಅಚ್ಚು ಉಳಿದಿರುತ್ತದೆ.


ಸ್ಕಾರ್‌ಹೇವನ್
ಮಂಗಳವಾರ, 17 ಮಾರ್ಚ್

ಕಿರ್ಸ್ಟಿಗೆ,

ನಿನ್ನ ಕಾಗದ ಬಂತು. ಪೋಸ್ಟಿನವನ ಕೈಯಿಂದ ತೆಗೆದುಕೊಂಡವಳು ಒಡೆಯಲಾಗದೆ ಕಲ್ಲಿದ್ದಲು ಮನೆಯಲ್ಲಿ ಹೋಗಿ ಕೂತೆ. ಮೊದಲ ಸಾಲಿನಲ್ಲೇ "ವಾಟಿ ಬದುಕಿದ್ದಾನೆ" ಅಂತ ಬರೆದೆಯಲ್ಲ, ಅದೊಂದು ಪುಣ್ಯದ ಕೆಲಸ ಮಾಡಿದೆ. ಮಿಕ್ಕದ್ದನ್ನು ನೀನು ಎಷ್ಟು ಖಾರವಾಗಿ ಬರೆದಿದ್ದರೂ ತಡೆದುಕೊಂಡೆ.

ನೀನು ಬರೆದದ್ದನ್ನು ನಿನಗೇ ತಿರುಗಿ ಬರೆಯುತ್ತೇನೆ, ಸರಿಯಾಗಿ ತಿಳಿದುಕೊಂಡಿದ್ದೇನೋ ಇಲ್ಲವೋ ನೋಡು. ಮೊದಲ ಕಾಗದ ಶುಕ್ರವಾರವೇ ಬಂತು. ಸಂಜೆ ನೀನು ಬಂದರಿಗೆ ಹೋಗಿ ವಾಟಿಗೆ ಹೇಳಿದೆ. ಅವನು ಒಂದು ಮಾತೂ ಕೇಳದೆ ಹಲಗೆ ಬಿಚ್ಚಿ, ಲಾಳ ತೆಗೆದು, ಮುಂಭಾಗದಲ್ಲಿ ಮಲಗುವ ಕಡೆ ತನ್ನ ಚೀಲದೊಳಗೆ ಇಟ್ಟುಕೊಂಡ. ಶನಿವಾರ ಬೆಳಕು ಹರಿಯುವ ಮುಂಚೆ ಹಡಗು ಹೊರಟುಹೋಯಿತು. ಯುದ್ಧದ ಗದ್ದಲದಲ್ಲಿ ತಡವಾಗಿ, ಅದು ಹೋದ ಮೇಲೆ ತಂತಿ ಬಂತು. ನೀನು ಹಲ್ಲನ್ನು ನಾಲಿಗೆಯಿಂದ ತಡವಿ ನೋಡಿಕೊಂಡು, ಅವ್ವನಿಗೆ ತಲೆ ಕೆಟ್ಟಿದೆ ಅಂತ ಹುಡುಗಿಯರ ಜತೆ ನಕ್ಕೆ. ಸೋಮವಾರ ಎರಡನೆಯ ಕಾಗದ ಬಂತು, ಆಗ ನಗು ನಿಂತಿತು.

ಅವತ್ತಿನಿಂದ ಮಂಗಳವಾರ ಸಂಜೆಯವರೆಗೆ ನೀನು ಪಟ್ಟ ಪಾಡನ್ನು ಓದಿ ನಾನು ಕಲ್ಲಿದ್ದಲಿನ ಮೇಲೆಯೇ ಕೂತು ಅತ್ತೆ. ನೌಕಾಪಡೆಯ ಆಫೀಸಿಗೆ ಹೋಗಿ ಹೇಳಿದರೆ ಅಪ್ಪನನ್ನು ದೇಶದ್ರೋಹಿ ಅಂತ ಹಿಡಿಯುತ್ತಾರೆ, ಹೇಳದಿದ್ದರೆ ಗಂಡ ಹೋಗುತ್ತಾನೆ. ಆದರೂ ನೀನು ಹೇಳಲೆಂದೇ ಹೊರಟೆ. ಆಫೀಸಿನ ಮೆಟ್ಟಿಲ ಮೇಲೆ ನಿಂತಾಗ ಬಂದರಿನ ಬಾಯಲ್ಲಿ ಹಡಗು ತೂಗಾಡುತ್ತ ಬರುವುದು ಕಂಡಿತು. ನೀನು ಹೇಳಲು ಹೋದದ್ದು ಸರಿ. ನಾನಾಗಿದ್ದರೂ ಅಪ್ಪನನ್ನು ಬಿಟ್ಟುಕೊಟ್ಟು ಗಂಡನನ್ನೇ ಉಳಿಸಿಕೊಳ್ಳುತ್ತಿದ್ದೆ. ಇದನ್ನು ನಿಮ್ಮಪ್ಪನಿಗೆ ಹೇಳಬೇಡ.

"ನಿನ್ನ ಪ್ರೀತಿ ಯಾವಾಗಲೂ ಒಂದು ಟಪಾಲು ತಡವಾಗಿ ಬರುತ್ತದೆ ಅವ್ವಾ" ಅಂತ ಬರೆದಿದ್ದೀಯ.

ಹಡಗು ನಡೆಸುವ ಸ್ಕಿಪ್ಪರ್ ಬಿನ್ನಿಯ ಹೊಟ್ಟೆ ತಣ್ಣಗಿರಲಿ. ಅವನು ನಮ್ಮ ಕರಾವಳಿಯವನೇ, ಅವನ ಅಪ್ಪನ ದೋಣಿಯಲ್ಲಿ ನನ್ನ ಅಣ್ಣ ಬಲೆ ಎಳೆದವನು. ಮಂಜಿನಲ್ಲಿ ಮೊದಲ ತೇಲುಗಂಟೆ ಬಲಗಡೆ ಕೇಳಬೇಕಾದದ್ದು ಎಡಗಡೆ ಕೇಳಿತು ಅಂತ ಆ ಕ್ಷಣವೇ ಎಂಜಿನ್ ನಿಲ್ಲಿಸಿ ಲಂಗರು ಹಾಕಿಸಿದನಂತಲ್ಲ. ಇನ್ನೊಬ್ಬನಾಗಿದ್ದರೆ ಕಿವಿಯನ್ನು ಬಿಟ್ಟು ಮುಳ್ಳನ್ನೇ ನಂಬುತ್ತಿದ್ದ. ಮುಳ್ಳಿಗೆ ಏನಾಗಿದೆ ಅಂತ ಅವನು ಕಿರುಚಾಡುತ್ತಿದ್ದಾಗ ವಾಟಿ ಚೀಲ ತಂದು ಲಾಳವನ್ನು ಅವನ ಮುಂದೆ ಇಟ್ಟನಂತೆ. ಅತ್ತೆ ಇಟ್ಟದ್ದು, ಅತ್ತೆಯೇ ತೆಗೆಸಿದ್ದು ಅಂದನಂತೆ.

"ಅತ್ತೆ ಇಟ್ಟಿದ್ದನ್ನ ತೆಗೆಯೋಕೆ ನೀನ್ಯಾರಪ್ಪ?" ಅಂದನಂತೆ ಸ್ಕಿಪ್ಪರ್. ತಾನೇ ಮೊಣಕಾಲೂರಿ, ಬಣ್ಣದ ಅಚ್ಚಿನೊಳಗೆ ಅದನ್ನು ಕೂರಿಸಿದನಂತೆ. ಮುಳ್ಳು ನಿಧಾನವಾಗಿ ತಿರುಗಿ ಗಂಟೆಯ ಸದ್ದಿಗೆ ಹೊಂದಿಕೊಂಡಿತಂತೆ.

ಲಾಳ ಮೈನನ್ನು ಕರೆಯುತ್ತದೋ ಅಂತ ನೀನು ಸ್ಕಿಪ್ಪರನ್ನೇ ಕೇಳಿದೆಯಲ್ಲ, ಅಷ್ಟು ಚಿಕ್ಕ ಲಾಳಕ್ಕೆ ತಳದ ಮೈನು ಕಣ್ಣು ತೆರೆಯುವುದಿಲ್ಲ ಅಂದನೆಂದು ಬರೆದಿದ್ದೀಯ. ನಂಬುತ್ತೇನೆ. ನಂಬಿದ್ದೇನೆ. ಆದರೂ ನೀನು ಇನ್ನೊಂದು ಸಲ ಕೇಳು.

ನಿಮ್ಮಪ್ಪನಿಗೆ ಗೊತ್ತಾಗಿಹೋಯಿತು. ಸ್ಕಿಪ್ಪರ್ ನೌಕಾಪಡೆಯ ದೊಡ್ಡವರಿಗೆ ಏನೂ ಬರೆಯಲಿಲ್ಲ, ನಿಮ್ಮಪ್ಪನಿಗೆ ಬರೆದ. ಹಲಗೆ ಚೆನ್ನಾಗಿ ಬಿಗಿದಿದ್ದೀಯ ಸ್ಯಾಂಡಿ, ಹಿಂದೆ ಇರುವುದೂ ಚೆನ್ನಾಗಿದೆ ಅಂತ. ಓದಿ ಮುಗಿಸಿ ನಿಮ್ಮಪ್ಪ ನನ್ನನ್ನೇ ನೋಡುತ್ತ ಕೂತರು. ನಾನು ಪಾತ್ರೆ ತೊಳೆದೆ. ತೊಳೆದ ಪಾತ್ರೆಯನ್ನೇ ಮತ್ತೆ ತೊಳೆದೆ. ಕೊನೆಗೆ ಬಾಯಿ ಬಿಟ್ಟರು.

"ಇನ್ನೊಂದ್ಸಲ ನನ್ನ ಹಡಗಲ್ಲಿ ಏನಾದ್ರೂ ಇಡೋದಿದ್ರೆ ಹೇಳು ಮಾರಾಯ್ತಿ. ಗೂಡು ಕೊರೆದು ಕೊಡ್ತೀನಿ."

ಇಷ್ಟೇ. ಆಮೇಲೆ ಬಾಗಿಲು ಹಾಕಿಕೊಂಡು ಹೊರಗೆ ಹೋದರು. ನಗಲು ಹೋದರೋ ಅಳಲು ಹೋದರೋ ಗೊತ್ತಾಗಲಿಲ್ಲ.

ವಾಟಿ ಈಗಲೂ ಆ ಪ್ರಾಣಿಯ ಹೆಸರು ಹೇಳುತ್ತಾನಂತೆ, ಹೇಳಿದಾಗೆಲ್ಲ ಹಡಗಿನವರು ಬಂದು ಹಲಗೆ ತಟ್ಟಿ ಹೋಗುತ್ತಾರಂತೆ. ತಟ್ಟಲಿ. ಆದರೆ ಹೇಳದಿದ್ದರೆ ಇನ್ನೂ ಒಳ್ಳೆಯದು ಅಂತ ಹೇಳು.

ನಿನ್ನ ಅವ್ವ

ತಾ.ಕ.: ಅದು ಉಳುವ ಕುದುರೆಯ ಲಾಳ, ಮೀನಿನ ಗಾಡಿ ಎಳೆಯುವ ಕುದುರೆಯದ್ದಲ್ಲ, ಅತ್ತೆಗೆ ಎಲ್ಲಿ ಸಿಕ್ಕಿತು ಅಂತ ವಾಟಿ ಕೇಳಿದನೆಂದು ಬರೆದಿದ್ದೀಯ. ದಾರಿಯಲ್ಲಿ ಬಿದ್ದಿತ್ತು ಅನ್ನು.


ಸ್ಕಾರ್‌ಹೇವನ್
12 ಅಕ್ಟೋಬರ್ 1946

ಪ್ರೀತಿಯ ಕಿರ್ಸ್ಟಿ,

ನಿಮ್ಮ ಹಡಗು ಮನೆಗೆ ಬಂದಿದೆ. ನಿಮಗಿಂತ ಮೊದಲೇ ಬಂದುಬಿಟ್ಟಿತು.

ನಿನ್ನೆ ನೀರು ಏರುವ ಹೊತ್ತಿಗೆ ಬಂದರಿಗೆ ತಂದು ಕಟ್ಟಿದರು. ಬಕಿ ಊರಿನ ಯಾರೋ ಹೆರ್ರಿಂಗ್ ಮೀನು ಹಿಡಿಯಲೆಂದು ಕೊಂಡಿದ್ದಾರೆ. ಬಂದೂಕು ಇಲ್ಲ, ಹಿಂದಿನ ರಾಟೆ ಇಲ್ಲ. ಸದ್ದು ಕೇಳಿ ಸಿಡಿಯುವ ಮೈನುಗಳಿಗೆಂದು ಮೂತಿಯ ಮುಂದೆ ಬಕೆಟ್ಟಿನಂಥದ್ದರೊಳಗೆ ಸುತ್ತಿಗೆ ಕಟ್ಟಿದ್ದರಲ್ಲ, ಆ ಬಕೆಟ್ಟೂ ಇಲ್ಲ. ಅದರ ಹೊಡೆತಕ್ಕೆ ವಾಟಿಯ ಕಿವಿ ಮಂದವಾಯಿತು ಅಂತ ನೀನು ಬರೆದಿದ್ದು ನೆನಪಾಗಿ, ಆ ಜಾಗವನ್ನು ಒಂದು ಸಲ ಕೆಕ್ಕರಿಸಿ ನೋಡಿದೆ. ಬೂದು ಬಣ್ಣ ಚಕ್ಕೆ ಚಕ್ಕೆಯಾಗಿ ಎದ್ದಿದೆ. ಎಡಗಡೆ ನಿಮ್ಮಪ್ಪನದಲ್ಲದ ಹಲಗೆಗಳಿವೆ. 44ರ ಜೂನಿನಲ್ಲಿ ಫ್ರಾನ್ಸಿನ ದಂಡೆಗೆ ಸೈನ್ಯ ಇಳಿಯುವ ಮುಂಚೆ ಇವರೇ ಮೊದಲು ಹೋಗಿ ದಾರಿ ಗುಡಿಸಿದರಲ್ಲ, ಆಗ ಪಕ್ಕದಲ್ಲೇ ಒಂದು ಮೈನು ಸಿಡಿದು ಒಡೆದಿದ್ದ ಜಾಗ. ನಿಮ್ಮಪ್ಪ ಅದನ್ನು ಉಗುರಿನಲ್ಲಿ ಕೆರೆದು, ಯಾವನೋ ಅವಸರದಲ್ಲಿ ಸಂದು ತುಂಬಿದ್ದಾನೆ ಅಂತ ಬೈದರು. ಆಮೇಲೆ ಅದೇ ಹಲಗೆಯನ್ನು ಅಂಗೈಯಿಂದ ಮೆಲ್ಲಗೆ ತಟ್ಟಿದರು.

ಯುದ್ಧ ಮುಗಿಯಿತು ಅಂತ ಊರೆಲ್ಲ ಕುಣಿದ ಮೇಲೂ ಇವರು ಗುಡಿಸುತ್ತಲೇ ಇದ್ದರು. ಬಿತ್ತಿದವರು ಬಿಟ್ಟು ಹೋದರೂ ಮೈನುಗಳಿಗೆ ಯಾರು ಹೋಗಿ ಹೇಳಬೇಕು? ಆ ಒಂದು ವರ್ಷ ನಾನು ಯುದ್ಧದ ಕಾಲಕ್ಕಿಂತ ಹೆಚ್ಚು ಹೆದರಿದೆ. ಬೇರೆಯವರ ಮನೆಯಲ್ಲಿ ಭಯ ಮುಗಿದಿತ್ತು, ನಮ್ಮ ಮನೆಯಲ್ಲಿ ಇನ್ನೂ ಒಲೆಯ ಪಕ್ಕ ಕೂತಿತ್ತು.

ಹೊಸ ಮಾಲೀಕ ಹೊಸ ದಿಕ್ಸೂಚಿ ಹಾಕಿಸುತ್ತಾನೆ. ಪೀಠ ಕೀಳುವ ಕೆಲಸ ಯಾರ್ಡಿಗೇ ಬಂತು. ಕಂಚಿನ ಸ್ಕ್ರೂ ಎಣ್ಣೆ ಹಾಕಿದ ಹಾಗೆ ತಿರುಗಿದವಂತೆ. ನಿಮ್ಮಪ್ಪ ಲಾಳವನ್ನು ಟೋಪಿಯೊಳಗೆ ಮುಚ್ಚಿಕೊಂಡು ಮನೆಗೆ ತಂದರು, ಯಾರಾದರೂ ನೋಡಿ ಈಗ ಹಿಡಿದುಕೊಂಡು ಹೋಗುತ್ತಾರೋ ಅನ್ನುವ ಹಾಗೆ. ಒಂದು ಕಡೆ ನನ್ನ ಬಣ್ಣ ಹಾಗೇ ಇದೆ.

ಈಗ ನಿನ್ನ ಕಾಗದದ ವಿಷಯ. ನಾಲ್ಕು ಹಾಳೆ ಸುತ್ತಿ ಬಳಸಿ ಕೊನೆಯಲ್ಲಿ ಬರೆದಿದ್ದೀಯ, ವಾಟಿಗೆ ಕಡಲು ಸಾಕಾಗಿದೆ, ಅವನ ಅಪ್ಪನಿಗೆ ಕೈಲಾಗುತ್ತಿಲ್ಲ, ನೀವಿಬ್ಬರೂ ಹೊಲದ ಮನೆಗೇ ಹೋಗಿ ಇರಬೇಕೆಂದಿದ್ದೀರಿ, ಅವ್ವ ಏನನ್ನುತ್ತಾಳೋ ಅಂತ. ಮದುವೆಯ ದಿನ ನಾನು ಅಂದದ್ದನ್ನು ನೀನು ಮರೆತಿಲ್ಲ ಅಂತ ತಿಳಿಯಿತು. ಮೈಯಲ್ಲಿ ಕಡಲ ಉಪ್ಪಿಲ್ಲದವನ ಬಾಗಿಲು ತುಳಿಯುವುದಿಲ್ಲ ಅಂದಿದ್ದೆ. ಅವನೂ ಮರೆತಿರಲಿಕ್ಕಿಲ್ಲ. ಮರೆತಿದ್ದರೆ ನೇಗಿಲು ಬಿಟ್ಟು ಕಡಲಿಗೆ ಹೋಗುತ್ತಿದ್ದನೇ?

ಹೋಗಿ, ಕಿರ್ಸ್ಟಿ. ಅವನ ಮೈಯಲ್ಲಿ ಈಗ ನಮ್ಮೂರಿಗೆಲ್ಲ ಹಂಚುವಷ್ಟು ಉಪ್ಪಿದೆ. ನೀವು ಹೋಗಿ ಒಲೆ ಹಚ್ಚಿದ ಮೊದಲ ಭಾನುವಾರ ನಾನೂ ನಿಮ್ಮಪ್ಪನೂ ಬರುತ್ತೇವೆ. ಲಾಳವನ್ನು ನಾನೇ ತರುತ್ತೇನೆ. ದಾರಿ ಬರೆದು ಕಳಿಸುವ ಕೆಲಸ ಇಟ್ಟುಕೊಳ್ಳಬೇಡ. ಗಿರಣಿ ದಾಟಿ ಎಡಕ್ಕೆ, ಮುರಿದ ಗೇಟು, ಅಂಗಳದಲ್ಲಿ ನೀರಿನ ಕಲ್ಲು ತೊಟ್ಟಿ. ಬಾಗಿಲು ಹಸಿರು.

ನಿಮ್ಮಿಬ್ಬರ ಅವ್ವ,
ಇಸೊಬೆಲ್

ತಾ.ಕ.: ಹೇಗೆ ಗೊತ್ತು ಅಂತ ಕೇಳುತ್ತೀಯ. ವಾಟಿ ಚಹಾಕ್ಕೆ ಬಂದು ಹೋದ ಮರುದಿನ ನಿಮ್ಮಪ್ಪನಿಗೆ ಹಲ್ಲು ನೋವು ಅಂತ ಸುಳ್ಳು ಹೇಳಿ, ಹಿಮದಲ್ಲಿ ನಡೆದು ಅಲ್ಲಿಗೆ ಹೋಗಿದ್ದೆ. ನಮ್ಮ ಬಾಗಿಲಿಗೆ ಹೊಡೆಯಲು ಒಂದು ಹಳೆ ಲಾಳ ಬೇಕು ಅಂದೆ. ಅವನ ಅಪ್ಪ ನನ್ನನ್ನೂ ನೋಡಿದ, ನನ್ನ ಒದ್ದೆ ಬೂಟನ್ನೂ ನೋಡಿದ. "ಬಾಗಿಲಿಗಾದ್ರೆ ಆ ಗುಡ್ಡೇಲಿರೋ ತುಕ್ಕು ಹಿಡಿದದ್ದು ಸಾಕು. ನಮ್ಮ ಹುಡುಗನಿಗಾದ್ರೆ ನಡೀತಿರೋ ಲಾಳ ಬೇಕು," ಅಂದ. ವಾಟಿ ಉಳಲು ಕಲಿತ ಹೆಣ್ಣು ಕುದುರೆ ಜೆಸ್‌ಳ ಕಾಲೆತ್ತಿ, ಅದರ ಗೊರಸಿನಿಂದಲೇ ಬಿಚ್ಚಿ ಕೊಟ್ಟ. ಲಾಳ ಕೈಗೆ ಬಂದಾಗ ಬೆಚ್ಚಗಿತ್ತು. ವಾಟಿಗೆ ಈಗ ಹೇಳು. ಅವನಿಗೆ ಮೊದಲೇ ಗೊತ್ತಿದ್ದರೂ ನಾನು ಹೇಳಿದೆ ಅಂತ ಹೇಳು. ಮತ್ತೆ ಅವನ ಅಪ್ಪನಿಗೆ ತಿಳಿಸು, ಈ ಸಲ ಹಂದಿ ಮರಿ ಹಾಕಿದರೆ ಒಂದು ನನಗಿರಲಿ, ಹಿತ್ತಲಲ್ಲಿ ಸಾಕುತ್ತೇನೆ. ನೋಡು, ಬರೆದೇಬಿಟ್ಟೆ. ಗಾಬರಿಯಾಗಬೇಡ, ಎಡಗೈ ಲಾಳದ ಮೇಲಿದೆ.